ಕೂಗಳತೆಯ ಪಾರ್ಕಿಗೆ ಒಂಬತ್ತು ವರ್ಷದ ಮೊಮ್ಮಗನನ್ನು ಒಬ್ಬನೇ ಕಳಿಸಬಹುದೇ?

ಪ್ರಶ್ನೆ: ನಾನು ಹಾಸನದವಳು, ಪ್ರೌಢಶಾಲೆಯ ನಿವೃತ್ತ ಶಿಕ್ಷಕಿ. ಅಮೆರಿಕದ ನ್ಯೂ ಜೆರ್ಸಿಯ ಎಡಿಸನ್‌ನಲ್ಲಿರುವ ಮಗನ ಮನೆಗೆ ಬಂದು ಮೂರು ತಿಂಗಳಾಯಿತು, ಇನ್ನೂ ಮೂರು ತಿಂಗಳು ಇರುತ್ತೇನೆ. ಮೊಮ್ಮಗನಿಗೆ ಒಂಬತ್ತು ವರ್ಷ. ಮನೆಯಿಂದ ಕೂಗಳತೆಯಲ್ಲೇ ಒಂದು ಪಾರ್ಕ್ ಇದೆ, ನಡುವೆ ಒಂದೇ ಸಣ್ಣ ರಸ್ತೆ. ಕಳೆದ ವಾರ ಒಂದು ಸಂಜೆ ಅವನನ್ನು ಒಬ್ಬನೇ ಆಡಲು ಕಳಿಸಿದೆ. ಇಪ್ಪತ್ತು ನಿಮಿಷದೊಳಗೆ ಅಕ್ಕಪಕ್ಕದ ಮನೆಯ ಹೆಂಗಸೊಬ್ಬರು ಅವನ ಕೈಹಿಡಿದು ಕರೆತಂದು ಬಿಟ್ಟುಹೋದರು. ಸೊಸೆ ಹೆದರಿ ಅತ್ತೇಬಿಟ್ಟಳು. ಮಗ, 'ಅಮ್ಮ, ಇಲ್ಲಿ ಹೀಗೆಲ್ಲ ಮಾಡಿದರೆ ಪೊಲೀಸರು ಬಂದು ಮಗುವನ್ನೇ ಕರೆದುಕೊಂಡು ಹೋಗುತ್ತಾರೆ' ಎಂದ. ಇದೇ ಮಗ ಏಳನೆಯ ವಯಸ್ಸಿನಲ್ಲಿ ಒಬ್ಬನೇ ಹಿಟ್ಟಿನ ಗಿರಣಿಗೆ ಹೋಗಿ ಬರುತ್ತಿದ್ದವನು. ಇದೇ ಬೀದಿಯಲ್ಲಿರುವ ಎಪ್ಪತ್ತು ದಾಟಿದ ಅಮೆರಿಕನ್ ಹಿರಿಯರೊಬ್ಬರು, ತಾವು ಚಿಕ್ಕವರಿದ್ದಾಗ ಬೀದಿದೀಪ ಹತ್ತುವವರೆಗೆ ಮನೆ ಸೇರುತ್ತಿರಲಿಲ್ಲ ಎನ್ನುತ್ತಾರೆ. ಈ ಊರು ನಿಜವಾಗಿಯೂ ಅಷ್ಟು ಅಪಾಯದ್ದೇ? ಮೊನ್ನೆ ರಾತ್ರಿ ಮನೆಯವರೆಲ್ಲರ ಫೋನೂ ಒಮ್ಮೆಗೇ ಕಿರುಚಿ, ಯಾವುದೋ ಮಗು ಕಾಣೆಯಾಗಿದೆ ಎಂದಿತು. ನಾನು ಮಾಡಿದ್ದು ಕಾನೂನಿನ ಪ್ರಕಾರ ತಪ್ಪೇ? ಉಳಿದ ಮೂರು ತಿಂಗಳು ಈ ಹುಡುಗನನ್ನು ಮನೆಯೊಳಗೇ ಕೂರಿಸಿಕೊಳ್ಳಬೇಕೇ?

ಉತ್ತರ: ನಿಮ್ಮ ಪತ್ರದಲ್ಲಿ ಮೂರು ಚಿಂತೆಗಳು ಒಂದರೊಳಗೊಂದು ಹೆಣೆದುಕೊಂಡಿವೆ. ಹೊರಗೆ ಮಗುವಿಗೆ ಅಪಾಯವಿದೆಯೇ ಎಂಬುದು ಮೊದಲನೆಯದು, ಮಗುವನ್ನು ಹೊರಗೆ ಬಿಟ್ಟ ದೊಡ್ಡವರಿಗೆ ಅಪಾಯವಿದೆಯೇ ಎಂಬುದು ಎರಡನೆಯದು, ಹೊರಗೆ ಬಿಡದೆ ಬೆಳೆಸಿದರೆ ಆ ಮಗುವಿಗೇ ಏನಾಗುತ್ತದೆ ಎಂಬುದು ಮೂರನೆಯದು. ನಿಮ್ಮ ಮಗ ಮತ್ತು ಸೊಸೆ ಮೊದಲ ಎರಡನ್ನು ಬೆರೆಸಿ ಒಂದೇ ಭಯವಾಗಿ ಅನುಭವಿಸುತ್ತಿದ್ದಾರೆ. ಅಲ್ಲಿನ ಬಹುಪಾಲು ತಂದೆತಾಯಿಯರ ಸ್ಥಿತಿಯೂ ಅದೇ. ನಾನು ಮೈಸೂರಿಗೆ ಮರಳುವ ಮುಂಚೆ ನ್ಯೂ ಜೆರ್ಸಿಯ ಸರ್ಕಾರಿ ಶಾಲೆಗಳಲ್ಲಿ ಹದಿಮೂರು ವರ್ಷ ಆಪ್ತಸಮಾಲೋಚಕಿಯಾಗಿದ್ದೆ, ಆ ಅವಧಿಯ ಹೆಚ್ಚಿನ ಭಾಗ 2010ರ ದಶಕದಲ್ಲಿ ಕಳೆಯಿತು. ನೀವು ಈಗ ನೋಡುತ್ತಿರುವ ಬಾಲ್ಯ ಅದರ ಪೂರ್ಣ ರೂಪಕ್ಕೆ ಬಂದದ್ದು ಆ ಹತ್ತು ವರ್ಷಗಳಲ್ಲಿ. ಆದ್ದರಿಂದ ಅಲ್ಲಿಂದಲೇ ಹೇಳುತ್ತೇನೆ.

ಮೊದಲು ಅಪಹರಣದ ಭಯ. ಅಮೆರಿಕದ ನ್ಯಾಯ ಇಲಾಖೆಗಾಗಿ ನಡೆದ ಅಧ್ಯಯನದ ಪ್ರಕಾರ, ಅಪರಿಚಿತರೋ ಅಲ್ಪಪರಿಚಿತರೋ ಮಗುವನ್ನು ಹೊತ್ತೊಯ್ದು ಬಚ್ಚಿಡುವ, ಹಣ ಕೇಳುವ ಅಥವಾ ಕೊಲ್ಲುವಂಥ ಪ್ರಕರಣಗಳು 2011ರಲ್ಲಿ ಇಡೀ ದೇಶದಲ್ಲಿ ಅಂದಾಜು 105. ಆಗ ಅಲ್ಲಿದ್ದ ಮಕ್ಕಳ ಸಂಖ್ಯೆ ಏಳು ಕೋಟಿಗೂ ಹೆಚ್ಚು. ಒಂದೊಂದು ಪ್ರಕರಣವೂ ಆ ಮನೆಯವರಿಗೆ ಜಗತ್ತೇ ಮುಗಿದಂತೆ ಎಂಬುದು ನಿಜ, ಆದರೆ ಆ ಕಾರಣಕ್ಕೆ ಏಳು ಕೋಟಿ ಮಕ್ಕಳ ಸಂಜೆಗಳನ್ನು ಮುಚ್ಚಿಬಿಡುವಷ್ಟು ದೊಡ್ಡ ಸಂಖ್ಯೆ ಅದಲ್ಲ. ಕಾಣೆಯಾದ ಮಕ್ಕಳಲ್ಲಿ ಬಹುಪಾಲು ಜಗಳವಾಡಿ ಮನೆಬಿಟ್ಟ ಹದಿಹರೆಯದವರು. ಉಳಿದವರಲ್ಲೂ ಬೇರೆಯಾದ ತಂದೆತಾಯಿಗಳಲ್ಲಿ ಒಬ್ಬರು ಕರೆದೊಯ್ದ ಮಕ್ಕಳು ಗಣನೀಯವಾಗಿದ್ದಾರೆ. ನಿಮ್ಮನ್ನು ಬೆಚ್ಚಿಬೀಳಿಸಿದ ಆ ಕಿರುಚಾಟದ ಹೆಸರು ಆಂಬರ್ ಅಲರ್ಟ್. 1996ರಲ್ಲಿ ಟೆಕ್ಸಾಸ್‌ನಲ್ಲಿ ಅಪಹರಣಕ್ಕೊಳಗಾಗಿ ಕೊಲೆಯಾದ ಒಂಬತ್ತು ವರ್ಷದ ಆಂಬರ್ ಹ್ಯಾಗರ್‌ಮನ್ ಎಂಬ ಹುಡುಗಿಯ ನೆನಪಿನಲ್ಲಿ ಆ ವ್ಯವಸ್ಥೆ ಹುಟ್ಟಿತು. 2013ರಿಂದ ಅದು ನೇರವಾಗಿ ಜನರ ಮೊಬೈಲಿಗೇ ಬರತೊಡಗಿತು. ಅದರಿಂದ ಮಕ್ಕಳು ಸಿಕ್ಕಿದ್ದಾರೆ, ಹಾಗಾಗಿ ಅದು ಬೇಡವೆಂದು ನಾನು ಹೇಳಲಾರೆ. ಆದರೆ ಆ ಪ್ರಕಟಣೆಗಳಲ್ಲಿ ಅರ್ಧದಷ್ಟು ಕುಟುಂಬದವರೇ ಮಗುವನ್ನು ಕರೆದೊಯ್ದ ಪ್ರಕರಣಗಳು ಎಂಬುದನ್ನು ರಾತ್ರಿ ಎದೆ ಹೊಡೆದುಕೊಳ್ಳುವಾಗ ಯಾರೂ ನೆನೆಯುವುದಿಲ್ಲ.

ಈ ಭಯದ ಬೇರು ನಿಮ್ಮ ಬೀದಿಯ ಆ ಹಿರಿಯರು ತಮ್ಮ ಮಕ್ಕಳನ್ನು ಬೆಳೆಸಿದ ಕಾಲದಲ್ಲಿದೆ. 1979ರ ಮೇ 25ರಂದು ನ್ಯೂಯಾರ್ಕ್ ನಗರದಲ್ಲಿ ಈಟನ್ ಪೇಟ್ಜ್ ಎಂಬ ಆರು ವರ್ಷದ ಹುಡುಗ ಮೊದಲ ಬಾರಿಗೆ ಒಬ್ಬನೇ ಸ್ಕೂಲ್ ಬಸ್ ನಿಲ್ಲುವಲ್ಲಿಗೆ ನಡೆದುಹೋದವನು ಮನೆಗೆ ಬರಲೇ ಇಲ್ಲ. 1980ರ ದಶಕದ ನಡುವಿನಲ್ಲಿ ಕಾಣೆಯಾದ ಮಕ್ಕಳ ಚಿತ್ರಗಳನ್ನು ಹಾಲಿನ ಪೊಟ್ಟಣಗಳ ಮೇಲೆ ಅಚ್ಚುಹಾಕಿದರು. ಬೆಳಗಿನ ತಿಂಡಿಗೆ ಕುಳಿತ ಮಗುವಿನ ಎದುರು ದಿನವೂ ಒಂದು ಕಾಣೆಯಾದ ಮಗುವಿನ ಮುಖ ಇರುತ್ತಿತ್ತು. ಅಂಥ ಮೇಜಿನ ಎದುರು ಬೆಳೆದ ಮಕ್ಕಳೇ 2010ರ ದಶಕದಲ್ಲಿ ತಂದೆತಾಯಿಗಳಾದರು. ಅಷ್ಟರಲ್ಲಿ ಅಪರಾಧ ಇಳಿದಿತ್ತು. ಪೊಲೀಸ್ ದಾಖಲೆಯಂತೆ ಅಮೆರಿಕದ ಹಿಂಸಾತ್ಮಕ ಅಪರಾಧಗಳ ಪ್ರಮಾಣ 1993ರಿಂದ 2019ರ ಹೊತ್ತಿಗೆ ಸರಿಸುಮಾರು ಅರ್ಧಕ್ಕೆ ಇಳಿಯಿತು. ಅಪರಾಧ ಇಳಿದರೂ ಭಯ ಮಾತ್ರ ಇಳಿಯಲಿಲ್ಲ.

ಹಾಗಾದರೆ ಮಕ್ಕಳು ಬೀದಿಯಿಂದ ಮಾಯವಾದದ್ದು ಏಕೆ? ನನ್ನ ಅನುಭವದಲ್ಲಿ ಮೊದಲ ಕಾರಣ ಕಾರು. 1969ರಲ್ಲಿ ಎಂಟನೆಯ ತರಗತಿಯವರೆಗಿನ ಅಮೆರಿಕನ್ ಮಕ್ಕಳಲ್ಲಿ ನೂರಕ್ಕೆ 48 ಮಂದಿ ನಡೆದೋ ಸೈಕಲ್ಲಿನಲ್ಲೋ ಶಾಲೆಗೆ ಹೋಗುತ್ತಿದ್ದರು, 2009ರ ವೇಳೆಗೆ ಆ ಸಂಖ್ಯೆ 13. ಊರಿನ ನಡುವಿನ ಸಣ್ಣ ಶಾಲೆಗಳನ್ನು ಮುಚ್ಚಿ, ಅಗ್ಗದ ಜಾಗ ಸಿಗುವ ಹೊರವಲಯದಲ್ಲಿ ದೊಡ್ಡ ಶಾಲೆಗಳನ್ನು ಕಟ್ಟಿದ್ದರಿಂದ ದೂರ ಹೆಚ್ಚಾಯಿತು ಎಂಬುದು ಇದರ ಒಂದು ಭಾಗ. ಆದರೆ ಶಾಲೆಯಿಂದ ಒಂದು ಮೈಲಿಯೊಳಗೇ ಇದ್ದ ಮಕ್ಕಳಲ್ಲೂ 1969ರಲ್ಲಿ ನೂರಕ್ಕೆ ಸುಮಾರು 89 ಮಂದಿ ನಡೆದೋ ಸೈಕಲ್ಲಿನಲ್ಲೋ ಹೋಗುತ್ತಿದ್ದರೆ, 2009ರಲ್ಲಿ ಹಾಗೆ ಹೋದವರು 35 ಮಂದಿ ಮಾತ್ರ. ಕಾರುಗಳು ಹೆಚ್ಚಾದಷ್ಟೂ ನಡೆಯುವವರಿಗೆ ಅಪಾಯ ಹೆಚ್ಚು, ಅಪಾಯ ಹೆಚ್ಚಾದಷ್ಟೂ ಮಗುವನ್ನು ಕಾರಿನಲ್ಲೇ ಬಿಟ್ಟುಬರುವವರು ಹೆಚ್ಚು. ಈ ಸುಳಿ ತಾನೇ ತಾನಾಗಿ ಬೆಳೆಯುತ್ತದೆ. ಇಲ್ಲಿ ನಿಮ್ಮ ಸೊಸೆಯ ಭಯಕ್ಕೆ ನಿಜವಾದ ಆಧಾರವೂ ಇದೆ: ಅಮೆರಿಕದ ರಸ್ತೆಗಳಲ್ಲಿ ವಾಹನ ಬಡಿದು ಸತ್ತ ಪಾದಚಾರಿಗಳು 2009ರಲ್ಲಿ ಸುಮಾರು 4,100, 2018ರಲ್ಲಿ 6,000ಕ್ಕೂ ಮೇಲೆ. ಪಾರ್ಕಿನಲ್ಲಿ ಯಾರಿದ್ದಾರೆ ಎಂಬುದಕ್ಕಿಂತ ಪಾರ್ಕಿಗೆ ಮುಂಚೆ ಸಿಗುವ ಆ ಒಂದು ಸಣ್ಣ ರಸ್ತೆಯ ಬಗ್ಗೆ ನೀವು ಯೋಚಿಸಬೇಕು. ವಾಹನಗಳು ಬಲಗಡೆಯಲ್ಲಿ ಓಡಾಡುವ ಆ ದೇಶದಲ್ಲಿ ರಸ್ತೆ ದಾಟುವಾಗ ಮೊದಲು ಎಡಕ್ಕೆ ನೋಡಬೇಕು. ಹಾಸನದ ಅಭ್ಯಾಸ ಅಲ್ಲಿ ನಮಗೇ ಕೈಕೊಡುತ್ತದೆ, ಮೊಮ್ಮಗನಿಗೆ ಕಲಿಸುವ ಮುನ್ನ ನೀವೇ ಅದನ್ನು ರೂಢಿಸಿಕೊಳ್ಳಿ.

ಎರಡನೆಯ ಕಾರಣವನ್ನು ನಮ್ಮ ಜನ ತಪ್ಪಾಗಿ ಅರ್ಥಮಾಡಿಕೊಳ್ಳುತ್ತಾರೆ. ಅಲ್ಲಿನ ತಂದೆತಾಯಿಗಳಿಗೆ ಮಕ್ಕಳಿಗಾಗಿ ಸಮಯವಿಲ್ಲ ಎಂದು ಊರಿಗೆ ಮರಳಿದ ಹಿರಿಯರು ಹೇಳುವುದನ್ನು ಕೇಳಿದ್ದೇನೆ. ವಸ್ತುಸ್ಥಿತಿ ಇದಕ್ಕೆ ವಿರುದ್ಧವಾಗಿದೆ. 1965ರಲ್ಲಿ ಅಮೆರಿಕದ ತಾಯಿ ವಾರಕ್ಕೆ ಸರಾಸರಿ 10 ಗಂಟೆ, ತಂದೆ ಎರಡೂವರೆ ಗಂಟೆ ಮಕ್ಕಳ ಆರೈಕೆಗೆ ಕೊಡುತ್ತಿದ್ದರು. 2011ರಲ್ಲಿ, ಎಷ್ಟೋ ಹೆಚ್ಚು ತಾಯಂದಿರು ಹೊರಗೆ ದುಡಿಯುತ್ತಿದ್ದಾಗಲೂ, ತಾಯಿಯದು 14 ಗಂಟೆ, ತಂದೆಯದು 7 ಗಂಟೆ ಆಗಿತ್ತು. ಈ ಸಮಯವೆಲ್ಲ ಎಲ್ಲಿ ಹೋಗುತ್ತದೆಂದರೆ ಈಜು, ಸಾಕರ್, ಪಿಯಾನೊ, ಗಣಿತದ ತರಗತಿ, ನಮ್ಮವರಲ್ಲಾದರೆ ಇವುಗಳ ಜೊತೆಗೆ ಭರತನಾಟ್ಯ, ಸ್ಪೆಲಿಂಗ್ ಬೀ ಎಂಬ ಇಂಗ್ಲಿಷ್ ಕಾಗುಣಿತ ಸ್ಪರ್ಧೆಯ ತಯಾರಿ ಮತ್ತು ಭಾನುವಾರದ ಕನ್ನಡ ಶಾಲೆ. ಒಳ್ಳೆಯ ಕಾಲೇಜಿನ ಸೀಟು ಕೈತಪ್ಪೀತೆಂಬ ಆತಂಕ ಇದರ ಹಿಂದಿದೆ. ಕೆಲಸ ಹೋದರೆ ವೀಸಾ ಕೂಡ ಹೋಗುವ ಮನೆಗಳಲ್ಲಿ ಆ ಆತಂಕ ಇಮ್ಮಡಿ. ಇವೆಲ್ಲದರ ನಡುವೆ ಮಗುವಿಗೆ ಸುಮ್ಮನೆ ಹೊರಗೆ ಹೋಗುವ ಹೊತ್ತೇ ಉಳಿಯುವುದಿಲ್ಲ. ಹೋದರೂ ಅಲ್ಲಿ ಜೊತೆಗೆ ಆಡಲು ಇನ್ನೊಂದು ಮಗು ಇರುವುದಿಲ್ಲ. ಈ ಕೊನೆಯ ಮಾತು ಬಹಳ ಮುಖ್ಯ. ಬೀದಿಯಲ್ಲಿ ಹತ್ತು ಮಕ್ಕಳಿದ್ದಾಗ ಹನ್ನೊಂದನೆಯದು ಯಾರ ಕಣ್ಣಿಗೂ ಬೀಳುವುದಿಲ್ಲ, ಖಾಲಿ ಪಾರ್ಕಿನಲ್ಲಿ ಒಂಟಿಯಾಗಿ ನಿಂತ ಒಂದು ಮಗು ಎಲ್ಲರ ಕಣ್ಣಿಗೂ ಬೀಳುತ್ತದೆ. ನಿಮ್ಮ ಮೊಮ್ಮಗನಿಗೆ ಆದದ್ದು ಅದೇ.

ಇನ್ನು ಕಾನೂನಿನ ವಿಷಯ. 2008ರಲ್ಲಿ ಲೆನೋರ್ ಸ್ಕೆನೇಜಿ ಎಂಬ ನ್ಯೂಯಾರ್ಕಿನ ಪತ್ರಕರ್ತೆ ತಮ್ಮ ಒಂಬತ್ತು ವರ್ಷದ ಮಗನನ್ನು ಸಬ್‌ವೇ ರೈಲಿನಲ್ಲಿ ಒಬ್ಬನೇ ಮನೆಗೆ ಬರಲು ಬಿಟ್ಟದ್ದನ್ನು ಬರೆದಾಗ ದೇಶವೇ ಎರಡು ಬಣವಾಯಿತು. 2014ರಲ್ಲಿ ದಕ್ಷಿಣ ಕೆರೊಲಿನಾದ ನಾರ್ತ್ ಅಗಸ್ಟಾ ಊರಿನಲ್ಲಿ, ತಾನು ಕೆಲಸದಲ್ಲಿದ್ದಾಗ ಒಂಬತ್ತು ವರ್ಷದ ಮಗಳನ್ನು ಪಾರ್ಕಿನಲ್ಲಿ ಆಡಲು ಬಿಟ್ಟ ತಾಯಿಯೊಬ್ಬಳನ್ನು ಬಂಧಿಸಿ, ಮಗುವನ್ನು ಕೆಲಕಾಲ ಸರ್ಕಾರದ ವಶಕ್ಕೆ ತೆಗೆದುಕೊಂಡರು. ಅದೇ ವರ್ಷದ ಡಿಸೆಂಬರಿನಲ್ಲಿ ಮೇರಿಲ್ಯಾಂಡ್‌ನ ಸಿಲ್ವರ್ ಸ್ಪ್ರಿಂಗ್‌ನಲ್ಲಿ ಹತ್ತು ಮತ್ತು ಆರು ವರ್ಷದ ಅಣ್ಣತಂಗಿಯರು ಪಾರ್ಕಿನಿಂದ ಮನೆಗೆ ನಡೆದು ಬರುತ್ತಿದ್ದಾಗ ಪೊಲೀಸರು ತಡೆದರು. ತಿಂಗಳುಗಟ್ಟಲೆ ತನಿಖೆ ನಡೆದು ಕೊನೆಗೆ ಪೋಷಕರ ಮೇಲಿನ ಆರೋಪ ನಿಲ್ಲಲಿಲ್ಲ. 2015ರಲ್ಲಿ ಆ ರಾಜ್ಯ, ಮಗು ಒಂಟಿಯಾಗಿತ್ತು ಎಂಬುದೊಂದೇ ನಿರ್ಲಕ್ಷ್ಯವಾಗುವುದಿಲ್ಲ ಎಂದು ತನ್ನ ಅಧಿಕಾರಿಗಳಿಗೆ ಸ್ಪಷ್ಟಪಡಿಸಿತು. ನಿಮ್ಮ ಮಗನ ಮನಸ್ಸಿನಲ್ಲಿರುವುದು ಇಂಥ ಸುದ್ದಿಗಳು. ಅವನ ಭಯವನ್ನು ಹುಸಿಯೆಂದು ತಳ್ಳಿಹಾಕಬೇಡಿ. ಅಮೆರಿಕದಲ್ಲಿ ಹದಿನೆಂಟು ತುಂಬುವುದರೊಳಗೆ ಮೂರರಲ್ಲೊಂದಕ್ಕೂ ಹೆಚ್ಚು ಮಕ್ಕಳ ಮನೆಗೆ ಮಕ್ಕಳ ರಕ್ಷಣಾ ಇಲಾಖೆಯ ಒಂದಾದರೂ ತನಿಖೆ ಬಂದಿರುತ್ತದೆ ಎಂದು 2017ರ ಒಂದು ಅಂದಾಜು ತೋರಿಸಿತು. ಕಪ್ಪುವರ್ಣೀಯ ಕುಟುಂಬಗಳಲ್ಲಿ ಅದು ಅರ್ಧವನ್ನೂ ಮೀರಿತ್ತು. ಆದರೆ ತನಿಖೆ ಬೇರೆ, ಮಗುವನ್ನು ಮನೆಯಿಂದ ಬೇರ್ಪಡಿಸುವುದು ಬೇರೆ. ತನಿಖೆಯಾದ ಪ್ರಕರಣಗಳಲ್ಲಿ ಹೆಚ್ಚಿನವು ಆರೋಪ ದೃಢಪಡದೆ ಮುಗಿಯುತ್ತವೆ. ಮಗುವನ್ನು ಕರೆದೊಯ್ಯುವುದು ಹೊಡೆತ, ಮಾದಕವಸ್ತು, ಹಸಿವು, ದೀರ್ಘಕಾಲದ ನಿರ್ಲಕ್ಷ್ಯದಂಥ ಗಂಭೀರ ಕಾರಣಗಳಿರುವಾಗ. ಪೊಲೀಸರು ಬಂದು ಮಗುವನ್ನೇ ಎತ್ತಿಕೊಂಡು ಹೋಗುತ್ತಾರೆ ಎಂಬ ಮಾತು ಅಪರೂಪದ ಪ್ರಕರಣವೊಂದನ್ನು ನಿತ್ಯದ ನಿಯಮವೆಂದು ಭಾವಿಸಿದ ಮಾತು.

ನ್ಯೂ ಜೆರ್ಸಿಯಲ್ಲಿ ಮಗುವನ್ನು ಎಷ್ಟನೆಯ ವಯಸ್ಸಿನಿಂದ ಒಂಟಿಯಾಗಿ ಬಿಡಬಹುದು ಎಂದು ಕಾನೂನು ಒಂದು ಸಂಖ್ಯೆಯನ್ನು ಹೇಳುವುದಿಲ್ಲ. ಪೋಷಕರು 'ಕನಿಷ್ಠ ಮಟ್ಟದ ಕಾಳಜಿ'ಯನ್ನಾದರೂ ವಹಿಸಿದ್ದರೇ, ಮಗುವಿಗೆ ಹಾನಿಯಾಯಿತೇ ಅಥವಾ ಹಾನಿ ಸನ್ನಿಹಿತವಾಗಿತ್ತೇ ಎಂದು ನೋಡುತ್ತದೆ. ನಿಮ್ಮ ಎಡಿಸನ್‌ಗೆ ಅಂಟಿಕೊಂಡಂತಿರುವ ಸೌತ್ ಪ್ಲೇನ್‌ಫೀಲ್ಡ್‌ನಲ್ಲಿ 2009ರಲ್ಲಿ ತಾಯಿಯೊಬ್ಬಳು ನಿದ್ದೆಹೋಗಿದ್ದ 19 ತಿಂಗಳ ಮಗುವನ್ನು ಕಾರಿನಲ್ಲೇ ಬಿಟ್ಟು ಹತ್ತು ನಿಮಿಷದೊಳಗೆ ಅಂಗಡಿಯಿಂದ ಮರಳಿದ್ದಳು. ಮಕ್ಕಳ ರಕ್ಷಣಾ ಇಲಾಖೆ ಅವಳ ಹೆಸರನ್ನು ಮಕ್ಕಳ ಮೇಲೆ ದೌರ್ಜನ್ಯ ಎಸಗಿದವರ ಪಟ್ಟಿಗೆ ಸೇರಿಸಿತು. ಮೇಲ್ಮನವಿ ನ್ಯಾಯಾಲಯವೂ ಅದನ್ನು ಎತ್ತಿಹಿಡಿಯಿತು. 2015ರಲ್ಲಿ ರಾಜ್ಯದ ಸುಪ್ರೀಂ ಕೋರ್ಟ್ ಒಮ್ಮತದಿಂದ, ಸನ್ನಿವೇಶದ ಎಲ್ಲ ವಿವರಗಳನ್ನೂ ತೂಗಿ ನೋಡದೆ ಹಾಗೆ ತೀರ್ಮಾನಿಸುವಂತಿಲ್ಲ, ಅವಳಿಗೆ ವಿಚಾರಣೆಯ ಹಕ್ಕಿದೆ ಎಂದಿತು. ಆ ತಾಯಿ ಆರು ವರ್ಷ ಅಲೆದಳು ಎಂಬುದನ್ನು ಮಾತ್ರ ಮರೆಯಬೇಡಿ. ನ್ಯಾಯ ಸಿಗುವವರೆಗಿನ ದಾರಿಯೇ ದೊಡ್ಡ ದಂಡನೆ, ಗ್ರೀನ್ ಕಾರ್ಡಿಗೆ ಕಾಯುತ್ತಿರುವ ಕುಟುಂಬಕ್ಕೆ ಇನ್ನೂ ದೊಡ್ಡದು. 2018ರಲ್ಲಿ ಯೂಟಾ ರಾಜ್ಯ, ಸಾಕಷ್ಟು ಬೆಳೆದ ಮಗು ಒಬ್ಬನೇ ಶಾಲೆಗೆ ಅಥವಾ ಪಾರ್ಕಿಗೆ ಹೋಗುವುದು ನಿರ್ಲಕ್ಷ್ಯವಲ್ಲ ಎಂದು ಕಾನೂನಿನಲ್ಲೇ ಬರೆಯಿತು. ಹಾಗೆ ಮಾಡಿದ ಮೊದಲ ರಾಜ್ಯ ಅದು. ಟೆಕ್ಸಾಸ್ ಮತ್ತು ಒಕ್ಲಹಾಮ 2021ರಲ್ಲಿ ಅದೇ ದಾರಿ ಹಿಡಿದವು.

ಒಟ್ಟಿನಲ್ಲಿ, ಒಂಬತ್ತು ವರ್ಷದ, ಆರೋಗ್ಯವಂತ, ದಾರಿ ಗೊತ್ತಿರುವ ಹುಡುಗನನ್ನು ಹಗಲಿನಲ್ಲಿ ಕೂಗಳತೆಯ ಪಾರ್ಕಿಗೆ ಕಳಿಸಿದ್ದು ನನ್ನ ತಿಳಿವಳಿಕೆಯಲ್ಲಿ ಅಪರಾಧವಲ್ಲ. ಆದರೆ ನೀವು ಒಂದು ತಪ್ಪು ಮಾಡಿದಿರಿ, ಅದನ್ನು ನೇರವಾಗಿ ಹೇಳುತ್ತೇನೆ: ತಂದೆತಾಯಿಯನ್ನು ಕೇಳದೆ ಕಳಿಸಿದಿರಿ. ದೂರು ಹೋದರೆ ಉತ್ತರ ಕೊಡಬೇಕಾದವರು ಅವರು, ಪಟ್ಟಿಯಲ್ಲಿ ಸೇರಬಹುದಾದ ಹೆಸರೂ ಅವರದೇ. ನೀವು ಮೂರು ತಿಂಗಳಲ್ಲಿ ವಿಮಾನ ಹತ್ತುತ್ತೀರಿ. ಸೊಸೆಯ ಕಣ್ಣೀರಿನಲ್ಲಿ ನಿಮ್ಮ ಮೇಲಿನ ಸಿಟ್ಟಿಗಿಂತ ಈ ಭಾರವೇ ಹೆಚ್ಚಿತ್ತೆಂದು ನನಗನ್ನಿಸುತ್ತದೆ.

ಮೂರನೆಯ ಚಿಂತೆಯ ಬಗ್ಗೆ ನನಗೆ ಗಟ್ಟಿಯಾದ ಅಭಿಪ್ರಾಯವಿದೆ. ಶಾಲೆಯಲ್ಲಿ ಬಿಡುವಿನ ವೇಳೆ ಮೈದಾನ ನೋಡಿಕೊಳ್ಳುವ ಸರದಿ ನನಗೂ ಬರುತ್ತಿತ್ತು. ಮೊದಲ ವರ್ಷಗಳಲ್ಲಿ ಚೆಂಡು ಗೆರೆ ದಾಟಿತೋ ಇಲ್ಲವೋ ಎಂದು ಮಕ್ಕಳು ತಮ್ಮತಮ್ಮಲ್ಲೇ ಕಿತ್ತಾಡಿ, ಒಬ್ಬ ಮುನಿಸಿಕೊಂಡು ದೂರ ಹೋಗಿ, ಮತ್ತೆ ಬಂದು ಸೇರುತ್ತಿದ್ದ. 2016, 2017ರ ಹೊತ್ತಿಗೆ ಅಂಥ ಜಗಳ ಹುಟ್ಟಿದ ಕೂಡಲೇ ಇಬ್ಬರೂ ನನ್ನ ಕಡೆ ಓಡಿಬರುತ್ತಿದ್ದರು. ಔಟೋ ಅಲ್ಲವೋ ಎಂಬುದನ್ನು ದೊಡ್ಡವರೊಬ್ಬರು ಹೇಳದ ಹೊರತು ಆಟ ಮುಂದುವರಿಯುತ್ತಿರಲಿಲ್ಲ. ಬೀದಿಯಲ್ಲಿ ಕಲಿಯಬೇಕಾದ್ದನ್ನು ಕಲಿಯಲು ಆ ಮಕ್ಕಳಿಗೆ ಬೀದಿಯೇ ಸಿಕ್ಕಿರಲಿಲ್ಲ. ಐದನೆಯ ತರಗತಿಯವರೆಗೆ ದಿನಕ್ಕೆ ಇಪ್ಪತ್ತು ನಿಮಿಷವಾದರೂ ಆಟದ ಬಿಡುವು ಕೊಡಬೇಕೆಂದು ನ್ಯೂ ಜೆರ್ಸಿ 2018ರಲ್ಲಿ ಕಾನೂನು ಮಾಡಬೇಕಾಗಿ ಬಂತು. ಅದೇ ವರ್ಷ ಅಮೆರಿಕದ ಮಕ್ಕಳ ವೈದ್ಯರ ಸಂಸ್ಥೆಯು ಮಕ್ಕಳಿಗೆ ಆಟವನ್ನೇ ಸಲಹೆಯಾಗಿ ಬರೆದುಕೊಡಿ ಎಂದು ತನ್ನ ವೈದ್ಯರಿಗೆ ಹೇಳಿತು. ಬಹುಕಾಲ ಬಿಡದ ದುಃಖ, ಹತಾಶೆ ತಮ್ಮನ್ನು ಕಾಡಿದೆ ಎಂದ ಪ್ರೌಢಶಾಲಾ ವಿದ್ಯಾರ್ಥಿಗಳು 2009ರಲ್ಲಿ ನೂರಕ್ಕೆ 26, 2019ರಲ್ಲಿ 37. ಇದಕ್ಕೆ ಫೋನು ಕಾರಣವೆನ್ನುವವರಿದ್ದಾರೆ, ಓದಿನ ಒತ್ತಡ ಕಾರಣವೆನ್ನುವವರಿದ್ದಾರೆ, ಸ್ವತಂತ್ರ ಆಟ ಇಲ್ಲವಾದದ್ದೇ ಕಾರಣವೆನ್ನುವವರೂ ಇದ್ದಾರೆ. ವಾದ ಇನ್ನೂ ಮುಗಿದಿಲ್ಲ. ನಾನು ಕಂಡ ಮಕ್ಕಳಲ್ಲಿ ಈ ಮೂರೂ ಒಟ್ಟಿಗೇ ಇದ್ದವು: ಹೊರಗೆ ಹೋಗಲಾಗದ ಮಗು ಫೋನಿನೊಳಗೆ ಹೋಗುತ್ತಿತ್ತು, ಗೆಳೆಯರು ಅಲ್ಲೇ ಸಿಗುತ್ತಿದ್ದರು.

ಈಗ ನಿಮ್ಮ ಮುಂದಿರುವ ದಾರಿಗಳು. ಉಳಿದ ಮೂರು ತಿಂಗಳು ಏನನ್ನೂ ಬದಲಿಸದೆ ಸುಮ್ಮನಿರುವುದು ಒಂದು. ಮನೆಯ ಶಾಂತಿಗೆ ಅದು ಸುಲಭ, ಹುಡುಗನಿಗೆ ಮಾತ್ರ ಅದರಿಂದ ಏನೂ ದಕ್ಕುವುದಿಲ್ಲ. ಇನ್ನೊಂದು ದಾರಿ ನೀವೂ ಪಾರ್ಕಿಗೆ ಹೋಗುವುದು, ಹೋಗಿ ದೂರದ ಬೆಂಚಿನಲ್ಲಿ ಪುಸ್ತಕ ಹಿಡಿದು ಕೂರುವುದು. ನಾನು ಅಲ್ಲಿಂದಲೇ ಆರಂಭಿಸಿ ಎನ್ನುತ್ತೇನೆ. ದೊಡ್ಡವರೊಬ್ಬರು ಕಾಣುವಂತಿದ್ದರೆ ಯಾರೂ ದೂರು ಕೊಡುವುದಿಲ್ಲ. ಅವನು ಬಿದ್ದಾಗ ಎದ್ದು ಓಡದೆ, ಜಗಳಕ್ಕೆ ನ್ಯಾಯ ಹೇಳಲು ಹೋಗದೆ ಕೂರುವುದು ಮಾತ್ರ ನಿಮಗೆ ಕಷ್ಟವಾದೀತು, ಶಿಕ್ಷಕಿಯಾಗಿದ್ದವರಿಗೆ ಇನ್ನೂ ಕಷ್ಟ. ಮಗ ಸೊಸೆ ಕಚೇರಿಯಲ್ಲಿರುವ ಆ ಸಂಜೆಯ ಹೊತ್ತಿನಲ್ಲಿ ಹಾಗೆ ಬೆಂಚಿನಲ್ಲಿ ಕೂರಬಲ್ಲ ಒಬ್ಬರು ಆ ಮನೆಗೆ ಈಗ ಇದ್ದಾರೆ. ಅದು ಅಲ್ಲಿನ ಹೆಚ್ಚಿನ ಮಕ್ಕಳಿಗಿಲ್ಲದ ಭಾಗ್ಯ. ಪಕ್ಕದ ಬೀದಿಯಲ್ಲಿ ಇವನ ವಯಸ್ಸಿನ ಇನ್ನೊಂದು ಮಗುವಿದ್ದರೆ, ಆ ಮನೆಯವರೊಂದಿಗೆ ಮಾತಾಡಿ ವಾರಕ್ಕೆ ಎರಡು ಸಂಜೆ ಗೊತ್ತುಮಾಡಿಕೊಳ್ಳಿ. ಎಡಿಸನ್‌ನಲ್ಲಿ ನಿಮ್ಮಂತೆಯೇ ಬಂದಿರುವ ಅಜ್ಜ ಅಜ್ಜಿಯರಿಗೆ ಬರವಿಲ್ಲ.

ಆಮೇಲೆ, ಮಗ ಸೊಸೆ ಒಪ್ಪಿದರೆ ಮಾತ್ರ, ಸ್ವಲ್ಪ ಸ್ವಲ್ಪವಾಗಿ ಹಗ್ಗ ಸಡಿಲಿಸಬಹುದು. ಮೊದಲು ರಸ್ತೆ ದಾಟುವುದನ್ನು ಅವನೇ ತೀರ್ಮಾನಿಸಲಿ, ನೀವು ಒಂದು ಹೆಜ್ಜೆ ಹಿಂದೆ ನಡೆಯಿರಿ. ಮುಂದೆ ಅವನು ಹತ್ತು ನಿಮಿಷ ಮೊದಲೇ ಹೋಗಲಿ, ನೀವು ನಂತರ ಹೋಗಿ ಸೇರಿ. ಕೊನೆಗೆ ಗೆಳೆಯನ ಜೊತೆಗೆ ಅರ್ಧ ಗಂಟೆ. ಮಗನ ಫೋನ್ ಸಂಖ್ಯೆ ಅವನಿಗೆ ಬಾಯಿಪಾಠವಾಗಿರಲಿ. ಯಾರಾದರೂ ವಿಚಾರಿಸಿದರೆ 'ನಾನು ಇಲ್ಲಿರುವುದು ಅಪ್ಪ ಅಮ್ಮನಿಗೆ ಗೊತ್ತು, ನನ್ನ ಮನೆ ಅದೇ' ಎಂದು ಇಂಗ್ಲಿಷಿನಲ್ಲಿ ಹೆದರದೆ ಹೇಳುವುದನ್ನು ಅಭ್ಯಾಸ ಮಾಡಿಸಿ. ಇಷ್ಟಾದರೂ ದೂರಿನ ಸಾಧ್ಯತೆ ಸೊನ್ನೆಯಾಗುವುದಿಲ್ಲ. ಅಕಸ್ಮಾತ್ ಇಲಾಖೆಯವರು ಬಂದರೆ ಅವರೊಂದಿಗೆ ವಾದಕ್ಕಿಳಿಯದೆ, ನೀವಾಗಿ ವಿವರಣೆ ಕೊಡದೆ, ಮಗನಿಗೆ ಫೋನ್ ಮಾಡಿ. ಮುಂದಿನದನ್ನು ಅವನು ವಕೀಲರನ್ನು ಕೇಳಿ ನಿರ್ಧರಿಸಲಿ.

ನಾಲ್ಕು ವಿಷಯಗಳಲ್ಲಿ ಮಾತ್ರ ಯಾವ ಸಡಿಲಿಕೆಯೂ ಬೇಡ. ದೇವಸ್ಥಾನಕ್ಕೋ ಅಂಗಡಿಗೋ ಎರಡು ನಿಮಿಷ ಹೋಗಿಬರುತ್ತೇವೆಂದು ಮಗುವನ್ನು ಕಾರಿನಲ್ಲಿ ಬಿಡಬೇಡಿ. 27 ಡಿಗ್ರಿಯ ದಿನದಲ್ಲೂ ಮುಚ್ಚಿದ ಕಾರಿನೊಳಗಿನ ಉಷ್ಣತೆ ಹತ್ತು ನಿಮಿಷದಲ್ಲಿ ಸುಮಾರು 10 ಡಿಗ್ರಿ ಏರುತ್ತದೆ, 2018ರಲ್ಲಿ ಅಮೆರಿಕದಲ್ಲಿ ಹೀಗೆ 50ಕ್ಕೂ ಹೆಚ್ಚು ಮಕ್ಕಳು ತೀರಿಕೊಂಡರು. ಈಜುಕೊಳವಿರುವ ಮನೆಗೆ ದೊಡ್ಡವರಿಲ್ಲದೆ ಕಳಿಸಬೇಡಿ. ಅವನಿಗಿಂತ ಚಿಕ್ಕ ಮಗುವನ್ನು ನೋಡಿಕೊಳ್ಳುವ ಹೊಣೆ ಅವನ ಮೇಲೆ ಹಾಕಬೇಡಿ. ಬೇರೆಯವರ ಮನೆಗೆ ಆಡಲು ಹೋಗುವ ಮೊದಲು, ಅಲ್ಲಿ ಬಂದೂಕು ಇದೆಯೇ, ಇದ್ದರೆ ಬೀಗ ಹಾಕಿಟ್ಟಿದ್ದಾರೆಯೇ ಎಂದು ನಿಮ್ಮ ಮಗ ಕೇಳಲೇಬೇಕು. ನಮ್ಮವರಿಗೆ ಈ ಪ್ರಶ್ನೆ ಕೇಳಲು ಸಂಕೋಚ, ಅಲ್ಲಿನ ಮಕ್ಕಳ ವೈದ್ಯರೇ ಕೇಳಿ ಎನ್ನುತ್ತಾರೆ.

ಇನ್ನು ಅವನನ್ನು ಕರೆತಂದ ಆ ನೆರೆಯ ಹೆಂಗಸು. ಅವರು ಫೋನ್ ಎತ್ತಿ ದೂರು ಕೊಡಬಹುದಿತ್ತು. ಕೊಡದೆ ಮಗುವಿನ ಕೈಹಿಡಿದು ನಿಮ್ಮ ಬಾಗಿಲವರೆಗೆ ಬಂದರು. ಈ ಶನಿವಾರ ಮಗ ಸೊಸೆಯನ್ನು ಕರೆದುಕೊಂಡು, ನೀವು ಮಾಡಿದ ಏನಾದರೂ ತಿಂಡಿ ಹಿಡಿದು ಅವರ ಮನೆಗೆ ಹೋಗಿ ಬನ್ನಿ, ತಿಂಡಿಯಲ್ಲಿ ಕಡಲೆಕಾಯಿ, ಗೋಡಂಬಿ ಇದ್ದರೆ ಮೊದಲೇ ಹೇಳಿ. ಮೊಮ್ಮಗನ ಹೆಸರು, ಅವನು ಪಾರ್ಕಿಗೆ ಬರುವ ಹೊತ್ತು ಮತ್ತು ಮಗನ ಫೋನ್ ಸಂಖ್ಯೆ ಒಂದು ಚೀಟಿಯಲ್ಲಿ ಬರೆದು ಕೊಡಿ.